ಸುಲೈಬಿಯಾದ ಸಾಕ್ಷಿ

ದಾವೆಯ ಕೋರಿಕೆ ಒಂದೇ ಸಾಲಿನದು: ವಾದಿಯ ಗಂಡ ಸತ್ತಿದ್ದಾನೆಂದು ನ್ಯಾಯಾಲಯ ಘೋಷಿಸಬೇಕು.

ವಾದಿ ಬಾಗಲಕೋಟೆ ಕಡೆಯ ಹೆಣ್ಣುಮಗಳು. ಗಂಡ ಕುವೈತಿನಲ್ಲಿ ಏಸಿ ಮೆಕ್ಯಾನಿಕ್ ಆಗಿದ್ದವನು, ಇರಾಕಿನ ಸೈನ್ಯ ಒಳನುಗ್ಗಿದ ವಾರವೇ ಕಾಣೆಯಾದ. ಜೊತೆಗಿದ್ದವರೆಲ್ಲ ಜೋರ್ಡಾನಿನ ಹಾದಿ ಹಿಡಿದು ಮುಂಬೈಗೆ ಬಂದಿಳಿದರು. ಅವನು ಬರಲಿಲ್ಲ, ಅವನ ಸುದ್ದಿಯೂ ಬರಲಿಲ್ಲ. ಸುದ್ದಿ ತಿಳಿಯಬೇಕಾದ ಹತ್ತಿರದವರಿಗೇ ಏಳು ವರ್ಷ ಏನೂ ತಿಳಿಯದಿದ್ದರೆ ಅಂಥವನನ್ನು ಸತ್ತವನೆಂದು ಎಣಿಸಲು ನಮ್ಮ ಕಾಯ್ದೆ ಒಪ್ಪುತ್ತದೆ. ಅವಳು ಅದಕ್ಕಿಂತ ಹೆಚ್ಚೇ ಕಾದಿದ್ದಳು. ಹೆಂಡತಿ ತೀರಿಹೋಗಿದ್ದ ಒಬ್ಬ ಶಾಲಾ ಮಾಸ್ತರ ಅವಳನ್ನು ಮದುವೆಯಾಗಲು ಒಪ್ಪಿದ್ದ. ಆದರೆ ಕೋರ್ಟಿನ ತೀರ್ಪು ಕೈಗೆ ಬಂದ ಮೇಲೇ ಎಂದಿದ್ದ. ದಾವೆಗೆ ಅಡ್ಡ ನಿಂತವಳು ಒಬ್ಬಳೇ, ಕಾಣೆಯಾದವನ ತಾಯಿ. ಅವಳ ಕೈಫಿಯತ್ತಿನ ತಿರುಳು ಇಷ್ಟೇ: ನನ್ನ ಮಗ ಸತ್ತಿಲ್ಲ.

ಅವನನ್ನು ಕೊನೆಗೆ ಕಂಡವರಿಬ್ಬರು ಯುದ್ಧ ಮುಗಿದ ಮೇಲೆ ಮತ್ತೆ ಕುವೈತಿಗೆ ಹೋಗಿ ಕೆಲಸಕ್ಕೆ ಸೇರಿದ್ದರು. ಅವರ ಪಾಸ್‌ಪೋರ್ಟುಗಳು ಕಫೀಲನ, ಅಂದರೆ ವೀಸಾ ಕೊಟ್ಟ ಅಲ್ಲಿಯ ಧಣಿಯ, ಕಪಾಟಿನಲ್ಲಿ. ಸಾಕ್ಷಿ ಹೇಳಲು ಬಾಗಲಕೋಟೆಗೆ ಬಾ ಎಂದರೆ ಬರುವ ಸ್ಥಿತಿಯಲ್ಲಿ ಇಬ್ಬರೂ ಇರಲಿಲ್ಲ. ನಾನಾಗ ಜಿಲ್ಲಾ ನ್ಯಾಯಾಧೀಶನಾಗಿ ನಿವೃತ್ತಿ ಹೊಂದಿ ಧಾರವಾಡದಲ್ಲಿದ್ದೆ. ಮಗಳು ಅಳಿಯ ಕುವೈತಿನ ಫಿಂಟಾಸ್‌ನಲ್ಲಿದ್ದರು. ಬೇಸಿಗೆಗೆ ಅಲ್ಲಿಗೆ ಹೊರಟಿದ್ದೇನೆಂದು ಬಾರ್ ರೂಮಿನಲ್ಲಿ ಯಾರೋ ಆಡಿದ ಮಾತು ಎರಡೂ ಕಡೆಯ ವಕೀಲರಿಗೆ ಮುಟ್ಟಿತು. ಇಬ್ಬರೂ ಒಪ್ಪಿ ಸಹಿ ಹಾಕಿ, ಅಲ್ಲಿ ಸಾಕ್ಷ್ಯ ಬರೆದುಕೊಳ್ಳಲು ನನ್ನನ್ನೇ ಕಮಿಷನರ್ ಮಾಡಬೇಕೆಂದು ಅರ್ಜಿ ಕೊಟ್ಟರು. ಕೋರ್ಟು ಮಂಜೂರು ಮಾಡಿತು. ಪೀಠದಿಂದ ಇಳಿದ ಮೇಲೂ ಪ್ರಮಾಣ ಬೋಧಿಸುವ ಕೆಲಸ ಸಿಕ್ಕಿತಲ್ಲ ಎಂದು ಒಳಗೊಳಗೇ ಹಿಗ್ಗಿದೆ. ಬರೀ ತಾತನಾಗಿ ಕಾಲ ಕಳೆಯುವುದು ನನಗೆ ಇನ್ನೂ ಬಂದಿರಲಿಲ್ಲ.

ಕಮಿಷನರ್ ಎಂದರೆ ಕೈಕಟ್ಟಿದ ನ್ಯಾಯಾಧೀಶ. ಎರಡೂ ಕಡೆಯವರು ಬರೆದುಕೊಟ್ಟ ಪ್ರಶ್ನೆಗಳನ್ನು ಕೇಳಬೇಕು, ಉತ್ತರವನ್ನು ಇದ್ದ ಹಾಗೆ ಬರೆಯಬೇಕು, ಓದಿ ಹೇಳಿ ಸಹಿ ಮಾಡಿಸಬೇಕು, ಲಕೋಟೆಗೆ ಅರಗು ಹಾಕಿ ಕೋರ್ಟಿಗೆ ಒಪ್ಪಿಸಬೇಕು. ಇದು ಸರಿ, ಅದು ತಪ್ಪು ಎನ್ನುವಂತಿಲ್ಲ. ಸಾಕ್ಷಿದಾರನ ನಡವಳಿಕೆ ಮಾತ್ರ ದಾಖಲಿಸಬಹುದು: ತಡವರಿಸಿದ, ನೀರು ಕೇಳಿದ, ಸುಮ್ಮನಾದ, ಹೀಗೆ. ಮೇಲಿನ ಕೋರ್ಟುಗಳು ಓದುವುದು ಕಾಗದವನ್ನು. ಮುಖ ನೋಡುವವನು ವಿಚಾರಣಾ ನ್ಯಾಯಾಧೀಶ ಒಬ್ಬನೇ. ಈ ದಾವೆಯಲ್ಲಿ ಆ ಮುಖಗಳನ್ನು ನೋಡುವ ಸರದಿ ನನ್ನದಾಗಿತ್ತು, ತೀರ್ಪು ಬರೆಯುವವನು ಬೇರೊಬ್ಬ.

ನಮ್ಮ ದೇಶದ ರಾಯಭಾರ ಕಚೇರಿಯವರು ಒಂದು ಸಣ್ಣ ಕೋಣೆ ಕೊಟ್ಟರು. ಹೊರಗೆ ಪಾಸ್‌ಪೋರ್ಟಿಗೆ ನಿಂತವರ ಸಾಲು, ಒಳಗೆ ಗುರುಗುಟ್ಟುವ ಏಸಿ. ಮೊದಲನೆಯ ಸಾಕ್ಷಿ ಶುಐಬಾದ ಕಾರ್ಖಾನೆಯೊಂದರಲ್ಲಿ ಫಿಟ್ಟರ್, ಗದಗಿನ ಕಡೆಯವನು, ಕಾಣೆಯಾದವನ ಜೊತೆ ಒಂದೇ ಕೋಣೆಯಲ್ಲಿದ್ದವನು. ದೇವರ ಮೇಲೆ ಪ್ರಮಾಣ ಮಾಡಿ ಕೈಕಟ್ಟಿ ಕೂತ.

"ಖುಬ್ಬೂಸ್ ರೊಟ್ಟಿ ತರ್ತೀನಿ ಅಂತ ಹ್ವಾದ್ನರಿ. ಆ ಕಡೆ ಗುಂಡಿನ ಸಪ್ಪಳ ಕೇಳ್ತು. ತಿರುಗಿ ಬರಲಿಲ್ಲ. ನಾವು ಹುಡುಕಾಕ ಹೋಗೂಹಂಗ ಇರಲಿಲ್ರಿ, ರಸ್ತಾದಾಗ ಟ್ಯಾಂಕ್ ಇದ್ವು."

ತಾಯಿಯ ಕಡೆಯ ಪ್ರಶ್ನೆ ಓದಿದೆ: ಆಮೇಲೆ ಎಂದಾದರೂ ಅವನನ್ನು ಕಂಡದ್ದು, ಅವನ ಸುದ್ದಿ ಕೇಳಿದ್ದು ಉಂಟೇ?

"ಇಲ್ರಿ" ಎಂದ. ಬೇಗ ಎಂದ. ಆಮೇಲೆ ನೀರು ಕೇಳಿದ. ಉತ್ತರ ಬರೆದು, ಅದರ ಕೆಳಗೆ ಸಾಕ್ಷಿದಾರ ನೀರು ಕೇಳಿದ ಎಂದೂ ಬರೆದೆ.

ಎರಡನೆಯವರು ಆಸ್ಪತ್ರೆಯೊಂದರ ದಾಖಲೆ ವಿಭಾಗದ ಗುಮಾಸ್ತರು, ಉಡುಪಿ ಕಡೆಯ ಕೊಂಕಣಿ ಮಾತಿನ ಕ್ರಿಶ್ಚಿಯನ್ನರು. ಬೈಬಲ್ ಮುಟ್ಟಿ ಪ್ರಮಾಣ ಮಾಡಿದರು. ಇವರೂ ಆ ದಿನಗಳಲ್ಲಿ ಅದೇ ಕಟ್ಟಡದಲ್ಲಿದ್ದವರು. ಮೊದಲಿನ ಉತ್ತರಗಳೆಲ್ಲ ಫಿಟ್ಟರ್ ಹೇಳಿದ ಹಾಗೆಯೇ ಇದ್ದವು. ಅದೇ ಪ್ರಶ್ನೆಗೆ ಬಂದಾಗ ಕನ್ನಡಕ ತೆಗೆದು ಒರೆಸಿದರು.

"ಇದನ್ನು ನೀವು ಕೇಳಬಾರದಿತ್ತು ಸರ್."

"ನಾನು ಕೇಳುತ್ತಿಲ್ಲ, ಕೋರ್ಟು ಕೇಳುತ್ತಿದೆ. ಉತ್ತರ ಹೇಳಿ."

"ನೋಡಿದ್ದೇನೆ. ನಮ್ಮ ಆಸ್ಪತ್ರೆಗೇ ಬಂದಿದ್ದ, ಹೆಂಡತಿ ಮತ್ತೆ ಸಣ್ಣ ಮಗಳನ್ನು ಕರಕೊಂಡು. ಚೀಟಿಯಲ್ಲಿ ಹೆಸರು ಬೇರೆ ಇತ್ತು. ನಾನು ಮುಖ ನೋಡಿದೆ, ಅವನೂ ನೋಡಿದ. ಹೊರಗೆ ಕರಕೊಂಡು ಹೋಗಿ ಕೈ ಹಿಡಿದು, ಯಾರಿಗೂ ಹೇಳಬೇಡಿ ಅಂತ ಬೇಡಿಕೊಂಡ. ನಾನು ಯಾರಿಗೂ ಹೇಳಲಿಲ್ಲ. ಆದರೆ ಈಗ ಪ್ರಮಾಣ ಮಾಡಿ ಆಯ್ತಲ್ಲ, ಎಂತ ಮಾಡುವುದು ಮಾರಾಯ್ರೆ?"

ಸುಲೈಬಿಯಾದ ತರಕಾರಿ ಗೋದಾಮೊಂದರಲ್ಲಿ ಅವನಿಗೆ ಕೋಲ್ಡ್ ಸ್ಟೋರೇಜ್ ಕೆಲಸವೆಂದು ಅವರಿಗೆ ಗೊತ್ತಿತ್ತು. ಅಷ್ಟನ್ನೂ ಬರೆದೆ. ಓದಿ ಹೇಳಿದೆ. ಪ್ರತಿ ಹಾಳೆಗೂ ಸಹಿ ಹಾಕಿದರು. ಹೋಗುವಾಗ ಬಾಗಿಲಲ್ಲಿ ನಿಂತು, "ಆ ಹೆಂಗಸಿಗೆ ಒಳ್ಳೆಯದಾಗುತ್ತದಾ ಸರ್ ಇದರಿಂದ?" ಎಂದು ಕೇಳಿದರು. ಅದು ನನ್ನ ಕೆಲಸವಲ್ಲ ಎಂದೆ.

ನನ್ನ ಕಮಿಷನ್ ಅಲ್ಲಿಗೆ ಮುಗಿದಿತ್ತು. ಪಟ್ಟಿಯಲ್ಲಿದ್ದ ಸಾಕ್ಷಿಗಳು ಇಬ್ಬರೇ. ಒಬ್ಬ ಇಲ್ಲ ಎಂದಿದ್ದ, ಇನ್ನೊಬ್ಬರು ಉಂಟು ಎಂದಿದ್ದರು. ಆ ಹಾಳೆಗಳನ್ನು ಹಾಗೇ ಒಪ್ಪಿಸಿದರೆ ಏನಾಗುತ್ತದೆಂದು ನನಗೆ ಚೆನ್ನಾಗಿ ಗೊತ್ತಿತ್ತು. ಗುಮಾಸ್ತರ ಒಂದು ಮಾತಿನಿಂದ ಸತ್ತನೆಂಬ ಊಹೆ ಮುರಿದು ಬೀಳುತ್ತದೆ, ಬದುಕಿದ್ದಾನೆಂಬುದೂ ರುಜುವಾತಾಗುವುದಿಲ್ಲ. ಆ ಹೆಣ್ಣುಮಗಳು ಇನ್ನಷ್ಟು ವರ್ಷ ನಡುವೆ ನೇತಾಡುತ್ತಾಳೆ. ಬೇಡದ ಜಾಣತನ ತೋರಿಸುವ ನ್ಯಾಯಾಧೀಶರಾದರೆ ಗುಮಾಸ್ತರನ್ನು ನಂಬದೆ ದಾವೆಯನ್ನು ಅವಳ ಪರ ಡಿಕ್ರಿ ಮಾಡಲೂಬಹುದು. ಹೀಗೂ ಆಗಬಹುದು, ಹಾಗೂ ಆಗಬಹುದು ಎಂಬ ದಾಖಲೆಯನ್ನು ನನ್ನ ಸಹಿ ಹಾಕಿ ಕಳಿಸುವುದು ನನಗೆ ಆಗಲಿಲ್ಲ. ನಡೆದದ್ದನ್ನು ವಿವರಿಸಿ ಕೋರ್ಟಿಗೆ ಫ್ಯಾಕ್ಸ್ ಮಾಡಿದೆ.

ಉತ್ತರ ಬರುವ ತನಕ ಮಗಳು ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ. ಒಂದು ದಿನ ಚಪಾತಿ ಲಟ್ಟಿಸುತ್ತ, ತಿರುಗಿ ನೋಡದೆಯೇ ಅಂದಳು:

"ಅಪ್ಪಾ, ನೀವೀಗ ಕೋರ್ಟಿನ್ಯಾಗ ಕೂತಿಲ್ಲ."

"ಕಮಿಷನರ್ ಅಂದ್ರ ಕೋರ್ಟಿನ ಕೈ, ಮಗಳ."

"ಕೈಗೆ ಕಣ್ಣು ಯಾಕ ಬೇಕು? ಇಬ್ಬರನ್ನ ಕೇಳು ಅಂದಾರ, ಕೇಳೀರಿ. ಪಾಪ ಆಕೀದೊಂದು ಸಂಸಾರ ಆಗೂದ ಐತಿ. ಯಾಕ ಅಡ್ಡ ಕಾಲ ಇಡ್ತೀರಿ?"

ಮೊಮ್ಮಗಳಿಗೆ ನಾವು ಜಗಳಾಡುತ್ತಿದ್ದೇವೆಂದು ಅರ್ಥವಾಯಿತು. "ಈಸ್ ಸಮ್‌ಬಡಿ ಡೆಡ್?" ಎಂದು ಕೇಳಿದಳು. ಮಗಳು ಹಿಟ್ಟಿನ ಒಂದು ಉಂಡೆ ಅವಳ ಕೈಗಿಟ್ಟಳು.

ಕೋರ್ಟಿನ ಆದೇಶ ಬಂತು. ಅಂಥ ವ್ಯಕ್ತಿ ಸಿಕ್ಕರೆ, ತಾನಾಗಿ ಒಪ್ಪಿದರೆ, ಅವನ ಹೇಳಿಕೆಯನ್ನೂ ಬರೆದುಕೊಳ್ಳಬಹುದು. ತಾಯಿಯ ಕಡೆಯಿಂದ ಹೆಚ್ಚಿನ ಪ್ರಶ್ನೆಗಳ ಒಂದು ಹಾಳೆ ಜೊತೆಗಿತ್ತು. ಹೆಂಡತಿಯ ಕಡೆಯ ಹಾಳೆಯಲ್ಲಿ ಒಂದೇ ಸಾಲು: ವಾದಿಯ ಪರವಾಗಿ ಪ್ರಶ್ನೆಗಳಿಲ್ಲ.

ಶುಕ್ರವಾರ ಅಳಿಯ ಕಾರು ತೆಗೆದ. ಸುಲೈಬಿಯಾದಲ್ಲಿ ತಗಡಿನ ಗೋದಾಮುಗಳ ಸಾಲು, ಕೊಳೆತ ಉಳ್ಳಾಗಡ್ಡಿಯ ವಾಸನೆ, ಕಣ್ಣಿಗೆ ಹೊಡೆಯುವ ಬಿಸಿಲು. ವಿಚಾರಿಸುತ್ತ ಹೋಗಿ ಒಂದು ಗೇಟಿನ ಮುಂದೆ ನಿಲ್ಲಿಸಿದೆವು. ಅಳಿಯ ಸ್ಟಿಯರಿಂಗಿನ ಮೇಲೆ ಕೈ ಇಟ್ಟುಕೊಂಡೇ ಹೇಳಿದ: "ಮಾವಾ, ಬಂದ್ವಿ, ಸಿಗಲಿಲ್ಲ ಅಂತ ಬರದ್ರೂ ನಡೀತದ. ಯಾರು ಕೇಳ್ತಾರ?"

ಅವನು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಯಾರೂ ಕೇಳುತ್ತಿರಲಿಲ್ಲ. ನಾನು ಬಾಗಿಲು ತೆಗೆದು ಇಳಿದೆ.

ತಂಪುಕೋಣೆಯ ದಪ್ಪ ಬಾಗಿಲು ತೆರೆದು ಒಬ್ಬ ಹೊರಗೆ ಬಂದ. ಆ ಉರಿಬಿಸಿಲಿನಲ್ಲಿ ಉಣ್ಣೆಯ ಟೋಪಿ, ದಪ್ಪ ಜಾಕೀಟು, ಹುಬ್ಬಿನ ಮೇಲೆ ಮಂಜಿನ ಬಿಳಿ ಹನಿ. ಮದುವೆಯ ಫೋಟೋ ನನ್ನ ಕೈಚೀಲದಲ್ಲಿತ್ತು, ತೆಗೆಯಲಿಲ್ಲ. ಅವನು ಬೆನ್ನು ತಿರುಗಿಸಿ ಚಿಲಕ ಹಾಕುವಾಗ ಅವನ ಹಳೆಯ ಹೆಸರು ಹಿಡಿದು ಕೂಗಿದೆ. ತಿರುಗಿಬಿಟ್ಟ. ಅಷ್ಟು ಸಾಕಾಗಿತ್ತು.

ನನ್ನ ಧೋತರ, ಕೋಟು ನೋಡಿ ಅವನ ಮುಖ ಬಿಳಿಚಿತು.

"ಅವ್ವ ಸತ್ಲೇನ್ರಿ?"

"ಇಲ್ಲಪ್ಪ. ಅದಾಳ."

ಅವನು ಉಸಿರು ಬಿಟ್ಟು ಜಾಕೀಟಿನ ಗುಂಡಿ ಬಿಚ್ಚಿದ. "ಹಂಗಾರ ಯಾಕ ಬಂದ್ರಿ?"

ನಾನು ಯಾರೆಂದು ಹೇಳಿದೆ, ದಾವೆ ಏನೆಂದು ಹೇಳಿದೆ. ಗೋಣಿಚೀಲದ ರಾಶಿಯ ಮೇಲೆ ಕೂತು ಪೂರಾ ಕೇಳಿದ. ಕೇಳುತ್ತ ಕೇಳುತ್ತ ಅವನ ಮುಖ ಸಡಿಲಾಯಿತು.

"ಸರಿ ಮಾಡ್ಯಾಳ್ರಿ ಆಕಿ. ಸಾಯಿಸಿಬಿಡ್ರಿ ನನ್ನ. ಆಕಿಗೂ ಚಲೋ, ನನಗೂ ಚಲೋ. ಇಲ್ಲಿ ನನ್ನ ಹೆಂಡ್ತಿಗೂ ಚಲೋ."

"ನೀ ಬಂದ್ರ, ಬಂದೀ ಅಂತ ಬರೀತೀನಿ. ಬರದಿದ್ರ, ನಾ ನಿನ್ನ ಕಂಡೆ, ನೀ ಒಲ್ಲೆ ಅಂದಿ ಅಂತ ಬರೀತೀನಿ."

"ಎರಡರಾಗೂ ನಾ ಬದುಕೇ ಇರ್ತೀನಲ್ರಿ!" ಎಂದು ನಕ್ಕ. ನಾನು ನಗಲಿಲ್ಲ.

ಅವನ ಕಾಗದಪತ್ರಗಳಲ್ಲಿ ಬೇರೆ ಹೆಸರಿದೆ, ಹಳೆಯ ಹೆಸರಿನಲ್ಲಿ ಹೇಳಿಕೆ ಕೊಟ್ಟರೆ ತೊಂದರೆಯಾಗಬಹುದು ಎಂದು ಎಚ್ಚರಿಸಿದೆ. ಅದರ ಜೊತೆಗೆ ಇನ್ನೊಂದನ್ನೂ ಹೇಳಿದೆ, ಅದೂ ನಿಜವೇ. ಹೆಂಡತಿಯನ್ನು ಬಿಟ್ಟೆ, ಮತ್ತೆ ಹೋಗುವುದಿಲ್ಲ ಎಂದು ಅವನೇ ಪ್ರಮಾಣದ ಮೇಲೆ ಹೇಳಿದರೆ ಅದು ಅವಳಿಗೆ ವಿಚ್ಛೇದನ ಪಡೆಯಲು ಆಧಾರವಾಗುತ್ತದೆ. ತಡವಾಗಬಹುದು, ಆದರೆ ದಾರಿ ಇರುತ್ತದೆ. ಅವನು ಟೋಪಿ ತೆಗೆದು ಮೊಣಕಾಲಿಗೆ ಬಡಿದು, "ಅಷ್ಟರ ಮಾಡೋಣ್ರಿ" ಎಂದ.

ಕಚೇರಿಯ ಕೋಣೆಗೆ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬಂದ. ಫೋಟೋ ತೋರಿಸಿದೆ. ಇವಳು ನನ್ನ ಹೆಂಡತಿ, ಇವನು ನಾನು ಎಂದು ಗುರುತಿಸಿ ಹಿಂದೆ ಸಹಿ ಹಾಕಿದ. ಹಳೆಯ ಸಹಿ ಕೈಗೆ ಬರದೆ ಎರಡು ಸಲ ಪೆನ್ನು ಎತ್ತಿದ. ಅದನ್ನೂ ಬರೆದೆ. ಖುಬ್ಬೂಸ್ ತರಲು ಹೋದವನು ಗುಂಡಿನ ಸಪ್ಪಳಕ್ಕೆ ಒಂದು ನೆಲಮಾಳಿಗೆಯಲ್ಲಿ ಅಡಗಿದ್ದ. ತಿರುಗಿ ಬರುವಷ್ಟರಲ್ಲಿ ಜೊತೆಯವರು ಹೊರಟುಹೋಗಿದ್ದರು. ಯುದ್ಧ ಮುಗಿದ ಮೇಲೆ ಮರಳಿ ಬಂದ ಫಿಟ್ಟರ್‌ನಿಂದಲೇ, ಊರಿನಲ್ಲಿ ತಾನು ಸತ್ತೆನೆಂದು ಅತ್ತು ಮುಗಿಸಿದ್ದಾರೆಂದು ತಿಳಿಯಿತಂತೆ.

ಅಂದರೆ ಮೊದಲನೆಯ ಸಾಕ್ಷಿ ಪ್ರಮಾಣದ ಮೇಲೆ ಸುಳ್ಳು ಹೇಳಿದ್ದ. ಅದನ್ನೂ ಬರೆಯಬೇಕಾಯಿತು.

"ಆವಾಗ ಊರಿಗೆ ಯಾಕೆ ತಿಳಿಸಲಿಲ್ಲ?"

"ಖರೇ ಹೇಳ್ಲೇನ್ರಿ? ಸತ್ತೀನಿ ಅಂತ ಕೇಳಿದ ಕೂಡ್ಲೇ ಹಗುರಾತ್ರಿ. ಹೊತ್ತಿದ್ದ ಹೊರಿ ಯಾರೋ ಇಳಿಸಿಕೊಂಡಂಗ. ಆಮ್ಯಾಲೆ ಮತ್ತ ಹೊರಾಕ ಮನಸ ಬರಲಿಲ್ಲ."

ಹೇಳಿದ್ದನ್ನು ಹೇಳಿದ ಹಾಗೇ ಬರೆದೆ.

ಕೊನೆಗೆ ತಾಯಿಯ ಹಾಳೆ ತೆಗೆದೆ. ಮುದುಕಿ ಹೇಳಿ ಬರೆಸಿದ್ದನ್ನು ವಕೀಲ ಕೋರ್ಟಿನ ಭಾಷೆಗೆ ತಿರುಗಿಸಿದ್ದ. "ಸಾಕ್ಷಿದಾರನು ವೇಳೆಗೆ ಸರಿಯಾಗಿ ಊಟ ಮಾಡುತ್ತಿರುವುದು ನಿಜವೇ?"

ಅವನು ನಕ್ಕ. ಜೋರಾಗಿ ನಕ್ಕ, ಹೊರಗಿನ ಸಾಲಿನಲ್ಲಿದ್ದವರು ಇಣುಕುವಷ್ಟು. ಆಮೇಲೆ ಅಂಗೈಯಲ್ಲಿ ಮುಖ ಮುಚ್ಚಿಕೊಂಡ. "ಹೌದು ಅಂತ ಬರೀರಿ."

ಬರೆದೆ: ನಿಜ. ಸಾಕ್ಷಿದಾರ ನಕ್ಕ.

"ಸಾಕ್ಷಿದಾರನು ಊರಿಗೆ ಮರಳಲು ಇಚ್ಛಿಸುವನೇ?"

"ಇಲ್ಲ."

"ಸಾಕ್ಷಿದಾರನು ತಾಯಿಗೆ ಹೇಳುವುದು ಏನಾದರೂ ಇದೆಯೇ?"

"ಏನ್ ಹೇಳ್ಲಿ? ಏನಿಲ್ಲ ಅಂತ ಬರೀರಿ."

ಇನ್ನೊಂದು ಪ್ರಶ್ನೆ ಉಳಿದಿತ್ತು: ಈಗ ಯಾವ ಹೆಸರಿನಿಂದ, ಯಾರ ಕೈಕೆಳಗೆ, ಎಲ್ಲಿ ವಾಸ? ಇದಕ್ಕೆ ಉತ್ತರ ಕೊಡಲೇಬೇಕೆಂದಿಲ್ಲ, ಕೊಟ್ಟರೆ ನಿನಗೇ ಮುಳುವಾಗಬಹುದು ಎಂದು ಹೇಳುತ್ತಿದ್ದೆ. ನನ್ನ ಮಾತು ಮುಗಿಯುವ ಮೊದಲೇ ಹೆಸರು, ಕಫೀಲನ ಹೆಸರು, ಗೋದಾಮಿನ ಗುರುತು, ಎಲ್ಲವನ್ನೂ ಹೇಳಿಬಿಟ್ಟ.

"ಅವ್ವ ಕೇಳ್ಯಾಳಲ್ರಿ. ಇದೊಂದರ ಖರೇ ಗೊತ್ತಿರ್ಲಿ ಆಕಿಗೆ."

ಬೇಡವೆಂದರೆ ಅಳಿಸುತ್ತೇನೆ ಎಂದೆ. ಬೇಡ, ಇರಲಿ ಎಂದ. ಓದಿ ಹೇಳಿದೆ, ಸರಿ ಎಂದು ಒಪ್ಪಿದ, ಸಹಿ ಹಾಕಿದ. ಮುಗಿಯಿತಲ್ಲ, "ಖಲಾಸ್?" ಎಂದು ಕೇಳಿ ಎದ್ದು ಹೋದ. ಸಂಜೆ ಮಗಳ ಮನೆಯಲ್ಲಿ ಮೇಣದ ಬತ್ತಿಗೆ ಅರಗು ಹಿಡಿದು ಲಕೋಟೆ ಮುಚ್ಚಿದೆ. ಮಗಳು ಅರಗಿನ ವಾಸನೆ ತಾಳಲಾರದೆ ಕಿಟಕಿ ತೆರೆದಳು.

ದಾವೆ ವಜಾ ಆಯಿತು. ಬೇರೆ ಏನೂ ಆಗುವಂತಿರಲಿಲ್ಲ. ಮುಂದಿನದು ನನಗೆ ತಿಳಿದದ್ದು ವಕೀಲರ ಬಾಯಿಂದ. ಗೆದ್ದ ತಾಯಿ ಓಣಿಗೆಲ್ಲ ಸಕ್ಕರೆ ಹಂಚಿದಳಂತೆ. ಮಗನ ಹೇಳಿಕೆಯನ್ನು ಯಾರೋ ಓದಿ ಹೇಳಿದಾಗ, "ಏನಿಲ್ಲ" ಎಂಬಲ್ಲಿಗೆ ಬಂದಾಗ, ಜಡ್ಜ್ ಸಾಹೇಬ ಸುಳ್ಳು ಬರೆದಿದ್ದಾನೆ ಎಂದಳಂತೆ, ನನ್ನ ಮಗ ಹಾಗೆ ನಗುವವನೂ ಅಲ್ಲ, ಹಾಗೆ ಅನ್ನುವವನೂ ಅಲ್ಲ. ಆದರೆ ಅದೇ ಹೇಳಿಕೆಯಲ್ಲಿದ್ದ ಹೆಸರು, ವಿಳಾಸ ಮಾತ್ರ ಸುಳ್ಳೆಂದು ಅವಳಿಗೆ ಅನ್ನಿಸಲಿಲ್ಲ. ಒಬ್ಬ ಹುಡುಗನ ಕೈಯಲ್ಲಿ ಅರ್ಜಿ ಬರೆಸಿ ಎರಡೂ ದೇಶದ ರಾಯಭಾರ ಕಚೇರಿಗಳಿಗೆ ಹಾಕಿಸಿದಳು: ಇಂಥ ಹೆಸರಿನಲ್ಲಿ ಇಂಥ ಕಡೆ ಇರುವವನು ನನ್ನ ಮಗ, ಅವನ ನಿಜವಾದ ಹೆಸರು ಇದು, ದಯಮಾಡಿ ನನ್ನ ಮಡಿಲಿಗೆ ಕಳಿಸಿಕೊಡಿ.

ಕಳಿಸಿದರು. ಸುಳ್ಳು ಕಾಗದದ ಅಪರಾಧಕ್ಕೆ ಮೊದಲು ಅಲ್ಲಿ ಜೈಲಿನಲ್ಲಿ ಇಟ್ಟು, ಆಮೇಲೆ ಮುಂಬೈಯ ವಿಮಾನ ಹತ್ತಿಸಿದರು. ಮುಂಬೈಯಲ್ಲಿ ಇಳಿದದ್ದಕ್ಕೆ ದಾಖಲೆ ಇದೆ. ಊರಿಗೆ ಬರಲಿಲ್ಲ. ಸುಲೈಬಿಯಾದ ಹೆಂಡತಿ, ಮಗಳು ಏನಾದರೆಂದು ಅಳಿಯನನ್ನು ಫೋನಿನಲ್ಲಿ ಕೇಳಿದೆ. ಅವನು ಬೇರೆ ಮಾತು ತೆಗೆದ.

ವಾದಿ ಧಾರವಾಡಕ್ಕೆ ನನ್ನ ಮನೆ ಹುಡುಕಿಕೊಂಡು ಬಂದದ್ದು ಇದೆಲ್ಲ ಆದ ಮೇಲೆ. ನಾನು ಅವಳನ್ನು ಕಂಡದ್ದು ಅದೇ ಮೊದಲು. ಫೋಟೋದ ಹುಡುಗಿಗಿಂತ ತೆಳ್ಳಗಿದ್ದಳು. ಕುರ್ಚಿಯಲ್ಲಿ ಕೂರದೆ ಕಟ್ಟೆಯ ಮೇಲೆ ಕೂತಳು. ಮಾಸ್ತರನಿಗೆ ಬೇರೆ ಕಡೆ ಲಗ್ನವಾಯಿತು ಎಂದಳು. ವಿಚ್ಛೇದನದ ದಾವೆ ಹಾಕಿದ್ದಳು. ಗಂಡನಿಗೆ ಹೊರಡಿಸಿದ ಸಮನ್ಸು ಪತ್ತೆಯಿಲ್ಲವೆಂದು ಮರಳಿ ಬಂದಿತ್ತು.

"ಪೇಪರಿನಲ್ಲಿ ಪ್ರಕಟಣೆ ಕೊಡಿಸಬೇಕಮ್ಮ. ಬರದಿದ್ದರೆ ಏಕಪಕ್ಷೀಯವಾಗಿ ಆದೇಶವಾಗುತ್ತದೆ. ಅವನ ಹೇಳಿಕೆ ಇದ್ದೇ ಇದೆ" ಎಂದೆ.

"ಅದೆಲ್ಲಾ ವಕೀಲ್ರು ಹೇಳ್ಯಾರ್ರಿ. ನೀವು ಆ ಒಂದ ದಿನಾ ಗೋದಾಮಿನ ಗೇಟಿನ್ಯಾಗ ಇಳೀದಿದ್ರ ನಾ ರಂಡಿ ಆಗಿ ಸುಖಾಗಿ ಇರ್ತಿದ್ನಿ." ಸಿಟ್ಟಿನ ದನಿಯಿರಲಿಲ್ಲ. ವಿಧವೆ ಎನ್ನುವುದಕ್ಕೆ ಅವರ ಕಡೆ ಬಳಸುವ ಮಾತನ್ನೇ ಆಡಿದ್ದಳು.

"ಇದ್ದದ್ದನ್ನು ಇದ್ದ ಹಾಗೆ ಬರೆಯದೆ ನನಗೆ ಗತಿಯಿರಲಿಲ್ಲ ತಾಯಿ" ಎಂದೆ. ಇವತ್ತು ಕೇಳಿದರೂ ನಾನು ಹೇಳುವುದು ಅದನ್ನೇ.

ಅವಳು ತಲೆಯಾಡಿಸಿದಳು. ಅತ್ತೆ ಸೊಸೆ ಇಬ್ಬರೂ ಇದುವರೆಗೆ ಒಂದೇ ಮನೆಯಲ್ಲಿದ್ದಾರೆಂದು, ಕೋರ್ಟಿಗೂ ಒಂದೇ ಬಸ್ಸಿನಲ್ಲಿ ಬರುತ್ತಿದ್ದರೆಂದು ಅವಳ ಮಾತಿನಿಂದ ಗೊತ್ತಾಯಿತು. ಹಣೆಯ ಮೇಲೆ ರೂಪಾಯಿಯಷ್ಟಗಲ ಕುಂಕುಮವಿತ್ತು. ಬೆವರಿಗೆ ಅದು ಮೂಗಿನ ಕಡೆ ಇಳಿದಿತ್ತು.

"ಮಗಾ ಬದುಕ್ಯಾನ ಅಂತ ಗೊತ್ತಾದಾಗಿಂದ ಅತ್ತಿ ದಿನಾ ಮುಂಜಾನೆ ಎಬ್ಬಿಸಿ ತಾನ ಹಚ್ಚತಾಳ್ರಿ. ನಾ ಅತ್ರೂ ಬಿಡೂದಿಲ್ಲ. ಗದ್ದ ಹಿಡದು ಹಚ್ಚತಾಳ. ಒಂದು ಕೇಳ್ಬೇಕಿತ್ತು, ಅದಕ್ಕ ಬಂದೆ. ಇದನ್ನ ಒರಸ್ಕೊಳ್ಳೂ ಹಕ್ಕು ಕಾಯ್ದೆದಾಗ ಐತೇನ್ರಿ ನನಗ?"

"ಐತಿ ತಾಯಿ. ಯಾರೂ ನಿನ್ನ ಒತ್ತಾಯಾ ಮಾಡೂಹಂಗಿಲ್ಲ."

"ಹಂಗಾರ ಒಮ್ಮೆ ನೀವ ಬಂದು ಆಕಿಗೆ ಹೇಳ್ರಿ" ಎಂದಳು. "ಜಡ್ಜ್ ಸಾಹೇಬ್ರು ಹೇಳಿದ್ರ ಕೇಳ್ತಾಳೇನೋ."

ಬರುತ್ತೇನೆ ಎಂದೆ. ಅವಳು ಊರಿನ ಹೆಸರು, ಬಸ್ಸು ಇಳಿಯುವ ಜಾಗ, ಓಣಿಯ ಗುರುತು ಎಲ್ಲ ಹೇಳಿ, ನಮಸ್ಕಾರ ಮಾಡಿ ಹೋದಳು.

ನಾನು ಹೋಗಲಿಲ್ಲ.